ದೋಸೆ ತೋರಿಸಿ, ಮಂಡಕ್ಕಿ ಮರೆಯಬೇಡಿ

(ಪರಊರಿನವರಿಗೆ ದಾವಣಗೆರೆಯ ಸಂಜೆ ತಿಂಡಿ ತೋರಿಸುವ ಗೈಡುಗಳಾಗಬೇಕು ಎಂದುಕೊಂಡಿರುವ ಹುಡುಗ ಹುಡುಗಿಯರಿಗೆ ಬಹಿರಂಗ ಪತ್ರ)

ವಿನೋಬನಗರ, ದಾವಣಗೆರೆ

ಪ್ರೀತಿಯ ಹುಡುಗರೇ, ಹುಡುಗಿಯರೇ,

ಬೆಂಗಳೂರಿನಿಂದ ಹುಬ್ಬಳ್ಳಿ ಕಡೆಗೆ ಓಡುವ ಕಾರುಗಳಿಗೆ ನಮ್ಮ ಊರೊಳಗೆ ಬರುವ ದರ್ದು ಈಗಿಲ್ಲ. ಪುಣೆ–ಬೆಂಗಳೂರು ರಸ್ತೆ ಊರ ನಡುವೆಯೇ ಹಾದು ಹೋಗುತ್ತಿದ್ದ ಕಾಲ ಮುಗಿದು, ಹೆದ್ದಾರಿ ಊರನ್ನು ಹೊರಗಿನಿಂದ ಬಳಸಿಕೊಂಡು ಹೋದ ಮೇಲೆ, ಒಳಗೆ ಬರುವವರು ಬಹುತೇಕ ಒಂದೇ ಕಾರಣಕ್ಕೆ ಬರುತ್ತಾರೆ. ಬೆಣ್ಣೆ ದೋಸೆ. ಮೊಬೈಲಿನಲ್ಲಿ ಹೋಟೆಲ್ಲು ಹುಡುಕುತ್ತಾರೆ, ಫೋಟೋ ತೆಗೆಯುತ್ತಾರೆ, ತಿನ್ನುತ್ತಾರೆ, ಅರ್ಧ ಗಂಟೆಯಲ್ಲಿ ಮತ್ತೆ ಹೆದ್ದಾರಿ ಸೇರುತ್ತಾರೆ. ಊರು ಅವರ ಲೆಕ್ಕದಲ್ಲಿ ಒಂದು ತಟ್ಟೆಯಷ್ಟು ಅಗಲ.

ಇಂಥವರನ್ನು ಒಂದು ಸಂಜೆ ಇಲ್ಲೇ ಉಳಿಸಿಕೊಂಡು, ಗಾಡಿಯಿಂದ ಗಾಡಿಗೆ ನಡೆಸಿಕೊಂಡು ಹೋಗಿ, ತಿನ್ನಿಸುತ್ತಾ ಊರಿನ ಕಥೆ ಹೇಳಿದರೆ ಅದೊಂದು ಉದ್ಯೋಗವಾದೀತಲ್ಲ ಎಂಬುದು ನಿಮ್ಮ ಯೋಚನೆ. ಒಳ್ಳೆಯ ಯೋಚನೆಯೇ. ನಡೆದು ನೋಡುವುದಕ್ಕೆ ನಮ್ಮ ಬಡಾವಣೆಗಿಂತ ಒಳ್ಳೆಯ ಆರಂಭದ ಜಾಗ ಸಿಗಲಿಕ್ಕಿಲ್ಲ. ಭೂದಾನಕ್ಕೆಂದು 1951ರಲ್ಲಿ ಹೊರಟು ವರ್ಷಾನುಗಟ್ಟಲೆ ಕಾಲ್ನಡಿಗೆಯಲ್ಲೇ ದೇಶ ಸುತ್ತಿದ, 1957ರಲ್ಲಿ ಮೈಸೂರಿನ ಬಳಿಯ ಯಲವಾಲದವರೆಗೂ ಬಂದಿದ್ದ ಆ ಮನುಷ್ಯನ ಹೆಸರು ಹೊತ್ತ ಬಡಾವಣೆ ಇದು. ಹಾಲು ಮೊಸರಲ್ಲೇ ದಿನ ಕಳೆಯುತ್ತಿದ್ದ ವಿನೋಬಾ ಭಾವೆ, ತಮ್ಮ ಹೆಸರಿನ ರಸ್ತೆಯಿಂದ ಜನ ಬೆಣ್ಣೆ ದೋಸೆಗೆ ಹೊರಡುವುದನ್ನು ಕಂಡಿದ್ದರೆ ಏನೆನ್ನುತ್ತಿದ್ದರೋ, ಅದು ಬೇರೆ ಮಾತು.

ನನ್ನ ತಕರಾರು ಒಂದೇ. ದೋಸೆಗೆಂದು ಬಂದವರಿಗೆ ದೋಸೆಯನ್ನೇ ತೋರಿಸಲು ಗೈಡು ಯಾಕೆ? ಅದನ್ನು ಅವರು ಮೊಬೈಲಿನಲ್ಲೇ ಹುಡುಕಿಕೊಂಡು ಬಂದಿದ್ದಾರೆ. ನೀವು ತೋರಿಸಬೇಕಾದದ್ದು ಮಂಡಕ್ಕಿ. ದೋಸೆಯೊಳಗೆ ಅಡಗಿರುವುದೂ ಅದೇ, ಸಂಜೆ ಬೀದಿ ತುಂಬ ಹರಡಿರುವುದೂ ಅದೇ.

ಈ ಕೆಲಸ ಜಗತ್ತಿಗೆ ಹೊಸದಲ್ಲ. ಚೀನಾದಲ್ಲಿ ಶಿಯಾನ್ ಎಂಬ ಹಳೆಯ ರಾಜಧಾನಿ ಇದೆ. ನೆಲದಡಿ ಹೂತಿದ್ದ ಮಣ್ಣಿನ ಸೈನಿಕರು 1974ರಲ್ಲಿ ಬಾವಿ ತೋಡುತ್ತಿದ್ದ ರೈತರ ಗುದ್ದಲಿಗೆ ಸಿಕ್ಕಿದ್ದು ಅದರ ಹತ್ತಿರವೇ. ಪ್ರವಾಸಿಗರು ಹಗಲು ಆ ಸೈನಿಕರನ್ನು ನೋಡಿ ಬರುತ್ತಾರೆ, ಸಂಜೆ ಗೈಡಿನ ಹಿಂದೆ ಮುಸ್ಲಿಂ ಕೇರಿಗೆ ಹೋಗುತ್ತಾರೆ. 1380ರಲ್ಲಿ ಕಟ್ಟಿದ ನಗಾರಿ ಗೋಪುರದ ಬೆನ್ನಿಗೇ ಇರುವ ಕೇರಿ ಅದು, ರೇಷ್ಮೆ ದಾರಿಯಲ್ಲಿ ಬಂದು ನೆಲೆ ನಿಂತವರ ವಂಶದವರದು. ಅಲ್ಲೊಂದು ತಿನಿಸಿದೆ. ಗಟ್ಟಿ ರೊಟ್ಟಿಯನ್ನು ಗಿರಾಕಿಯೇ ಕೂತು ಕಾಳಿನಷ್ಟು ಸಣ್ಣಗೆ ಮುರಿದು ಬಟ್ಟಲಿಗೆ ಹಾಕಿಕೊಳ್ಳಬೇಕು, ಆಮೇಲೆ ಅಡುಗೆಯವನು ಅದನ್ನು ಒಳಗೊಯ್ದು ಕುರಿ ಮಾಂಸದ ಸಾರು ಹಾಕಿ ತರುತ್ತಾನೆ. ಮುರಿಯುವಷ್ಟು ಹೊತ್ತು ಮಾತಾಡಲೇಬೇಕು, ಬೇರೆ ದಾರಿ ಇಲ್ಲ. ಆದರೆ ಅಲ್ಲಿಯ ದೊಡ್ಡ ಬೀದಿ ಪ್ರವಾಸಿಗರಿಂದಲೇ ತುಂಬಿ, ಅಂಗಡಿಗಳೆಲ್ಲ ಒಂದೇ ಥರ ಆದವು. ಈಗ ಒಳ್ಳೆಯ ಗೈಡು ಎಂದರೆ ಆ ಬೀದಿ ಬಿಟ್ಟು ಹಿಂದಿನ ಓಣಿಗೆ ಕರೆದೊಯ್ಯುವವನು. ನಮ್ಮಲ್ಲಿ ಇನ್ನೂ ದೊಡ್ಡ ಬೀದಿ ಕೆಟ್ಟಿಲ್ಲ. ನೀವು ಮೊದಲ ದಿನದಿಂದಲೇ ಓಣಿ ಹಿಡಿಯಬಹುದು.

ಇನ್ನು ನಮ್ಮ ದೋಸೆಗೆ ಮೊದಲ ಒಲೆ ಹೂಡಿದ ಚೆನ್ನಮ್ಮನ ಕಥೆ ನಿಮಗೆ ಗೊತ್ತು. ಆದರೂ ಬರೆಯುತ್ತೇನೆ, ಯಾಕೆಂದರೆ ನಡುವಿನ ಒಂದು ಸಾಲನ್ನು ಹೇಳುವವರೆಲ್ಲ ಹಾರಿಸಿಬಿಡುತ್ತಾರೆ. ಊರಿನಲ್ಲಿ ಹೇಳುವ ಪ್ರಕಾರ, ಆಕೆ ಬೆಳಗಾವಿ ಸೀಮೆಯಿಂದ ಮಕ್ಕಳನ್ನು ಕಟ್ಟಿಕೊಂಡು ಬಂದದ್ದು 1928ರಲ್ಲಿ. ವಸಂತ ಟಾಕೀಸ್ ಹತ್ತಿರ, ಸವಳಗಿ ನಾಟಕ ಥಿಯೇಟರಿನ ಬಳಿ ಒಲೆ ಹೂಡಿ ದೋಸೆ ಮಾರಿದಳು. ಅದು ರಾಗಿ ಹಿಟ್ಟಿನ ದೋಸೆ. ಹತ್ತು ವರ್ಷದ ಮೇಲೆ, 1938ರ ಹೊತ್ತಿಗೆ, ಮಕ್ಕಳಾದ ಶಾಂತಪ್ಪ ಮತ್ತು ಮಹದೇವಪ್ಪ ರಾಗಿ ಬಿಟ್ಟು ಅಕ್ಕಿ, ಉದ್ದಿನಬೇಳೆ ಮತ್ತು ಮಂಡಕ್ಕಿ ಸೇರಿಸಿ ರುಬ್ಬತೊಡಗಿದರು, ಬೆಣ್ಣೆ ಧಾರಾಳ ಮಾಡಿದರು. ಎಲ್ಲರೂ ಬೆಣ್ಣೆಯ ಮಾತಾಡುತ್ತಾರೆ. ಆ ಮಂಡಕ್ಕಿ ಯಾರ ಬಾಯಲ್ಲೂ ಬರುವುದಿಲ್ಲ.

ಬೆಣ್ಣೆ ಎಲ್ಲಿ ಬೇಕಾದರೂ ಸಿಗುತ್ತದೆ. ಬೆಂಗಳೂರಿನಲ್ಲಿ ದಾವಣಗೆರೆ ಹೆಸರಿನ ಬೋರ್ಡು ಹಾಕಿದವರೆಲ್ಲ ಬೆಣ್ಣೆ ಸುರಿಯುತ್ತಾರೆ, ದೋಸೆ ಮಾತ್ರ ಎಣ್ಣೆಯಲ್ಲಿ ಕರಿದ ಹಾಗಿರುತ್ತದೆ. ಮಂಡಕ್ಕಿ ಒಂದು ಸಲ ಬೆಂದು ಅರಳಿದ ಅಕ್ಕಿ. ಅದನ್ನು ನೆನೆಸಿ ಹಿಟ್ಟಿಗೆ ಸೇರಿಸಿದಾಗ ದೋಸೆಯ ಒಳಗು ಹತ್ತಿಯ ಹಾಗೆ ಮೆತ್ತಗಾಗುತ್ತದೆ. ಬೆಣ್ಣೆಯಲ್ಲಿರುವ ಹಾಲಿನ ಅಂಶ ಬಿಸಿ ಹಂಚಿನ ಮೇಲೆ ಕಂದಿ ಹೊರಗೆ ಗರಿಗರಿ ಪದರ ಕಟ್ಟುತ್ತದೆ. ಹೊರಗಿನ ಗರಿಗೂ ಒಳಗಿನ ಮೆದುವಿಗೂ ಇರುವ ಆ ಅಂತರವೇ ನಮ್ಮ ದೋಸೆ. ಪಕ್ಕದಲ್ಲಿ ಅರಿಸಿನ ಹಾಕದ ಬಿಳಿ ಆಲೂಗಡ್ಡೆ ಪಲ್ಯ, ತೆಂಗಿನಕಾಯಿ ಚಟ್ನಿ. ಸಾಂಬಾರು ಕೇಳಿದವರನ್ನು ಮಾಣಿ ನೋಡುವ ನೋಟ ನೋಡಿದ್ದೀರಲ್ಲ, ಅದನ್ನೂ ನಿಮ್ಮ ಅತಿಥಿಗಳಿಗೆ ಮೊದಲೇ ಹೇಳಿ ಬದುಕಿಸಿ.

ಈಗ ಆ ಮಂಡಕ್ಕಿ ಎಲ್ಲಿಂದ ಬರುತ್ತದೆ ನೋಡಿ. ಲಕ್ಕವಳ್ಳಿಯ ಭದ್ರಾ ಜಲಾಶಯದಿಂದ ನಾಲೆ ನೀರು ಬಂದಮೇಲೆ ಈ ಸೀಮೆಯಲ್ಲಿ ಭತ್ತಕ್ಕೆ ಬರವಿಲ್ಲದಂತಾಯಿತು. ಹರಿಹರ, ಹೊನ್ನಾಳಿ, ದಾವಣಗೆರೆ ಕಡೆಯ ಆ ಭತ್ತ ಮಂಡಕ್ಕಿ ಭಟ್ಟಿಗಳಿಗೆ ಬರುತ್ತದೆ. ಬಿಸಿನೀರಿನಲ್ಲಿ ನೆನೆಸುತ್ತಾರೆ, ಹುರಿಯುತ್ತಾರೆ, ಬಿಸಿಲಿಗೆ ಹರಡಿ ಒಣಗಿಸುತ್ತಾರೆ, ಮಿಲ್ಲಿಗೆ ಹಾಕಿ ಹೊಟ್ಟು ತೆಗೆಸುತ್ತಾರೆ. ಸಿಕ್ಕ ಅಕ್ಕಿಗೆ ಉಪ್ಪುನೀರು ಹಿಡಿಸಿ, ಕೆಂಪಗೆ ಕಾದ ಮರಳಿನ ಬಾಣಲೆಗೆ ಸುರಿಯುತ್ತಾರೆ. ಮರಳು ಪ್ರತಿ ಕಾಳನ್ನೂ ಎಲ್ಲ ದಿಕ್ಕಿನಿಂದ ಒಂದೇ ಸಮ ಸುಡುತ್ತದೆ. ಕಾಳಿನೊಳಗೆ ಉಳಿದಿದ್ದ ಚೂರು ನೀರು ಆವಿಯಾಗಿ ಹೊರಬರಲು ದಾರಿ ಸಿಗದೆ ಕಾಳನ್ನೇ ಉಬ್ಬಿಸುತ್ತದೆ. ಕಣ್ಣು ಮಿಟುಕಿಸುವುದರೊಳಗೆ ಅಕ್ಕಿ ಹೋಗಿ ಮಂಡಕ್ಕಿ. ಜರಡಿ ಹಿಡಿದರೆ ಮರಳು ಕೆಳಗೆ, ಮಂಡಕ್ಕಿ ಮೇಲೆ. ಒಲೆಗೆ ಭತ್ತದ ಹೊಟ್ಟೇ ಉರುವಲು. ಅಂದರೆ ಭತ್ತದ ಸಿಪ್ಪೆಯೂ ವ್ಯರ್ಥವಾಗದ ಕಸುಬು ಇದು, ಉಳಿಯುವುದು ಬೂದಿ ಮತ್ತು ಹೊಗೆ.

ಆ ಹೊಗೆಯ ಮಾತನ್ನು ನೀವು ಮುಚ್ಚಿಡಬಾರದು. ಭಟ್ಟಿಯ ಮುಂದೆ ನಿಂತು ಕೆಲಸ ಮಾಡುವವರ ಎದೆಯೊಳಗೆ ಆ ಹೊಗೆ ಹೋಗುತ್ತದೆ. ಹತ್ತಿರದ ಮನೆಯವರ ದೂರು ಹಳೆಯದು. ಭಟ್ಟಿಗಳಲ್ಲಿ ಮಕ್ಕಳು ದುಡಿಯುತ್ತಾರೆಂಬ ಸುದ್ದಿಯೂ ಪತ್ರಿಕೆಗಳಲ್ಲಿ ಬಂದದ್ದಿದೆ. ಆಜಾದ್‌ನಗರದ ಆಸುಪಾಸಿನ ಭಟ್ಟಿಗಳಲ್ಲಿ ಹೆಚ್ಚಿನವು ಮುಸ್ಲಿಂ ಕುಟುಂಬಗಳವು. ಆ ಕಡೆ ಹೋಗುವುದೇ ಇಲ್ಲ ಎನ್ನುವವರು ನಮ್ಮಲ್ಲಿದ್ದಾರೆ. ಅವರೂ ದಿನಾ ಬೆಳಿಗ್ಗೆ ದೋಸೆಯಲ್ಲಿ ಅಲ್ಲಿಯ ಮಂಡಕ್ಕಿ ತಿಂದಿರುತ್ತಾರೆ. ಇದನ್ನು ಭಾಷಣ ಮಾಡಿ ಹೇಳಬೇಡಿ. ಎರಡು ಜಾಗ ತೋರಿಸಿ ಸುಮ್ಮನಿದ್ದರೆ ಸಾಕು, ಬಂದವರು ಜಾಣರಿರುತ್ತಾರೆ.

ತೊಡಕು ಏನೆಂದರೆ, ನಿಮ್ಮ ಸುತ್ತು ಸಂಜೆಯದು. ಭಟ್ಟಿಯ ಬಿಸಿ ಕೆಲಸ ಬೆಳಗಿನ ಜಾವದ್ದು, ಬಿಸಿಲೇರುವ ಮೊದಲು ಆದಷ್ಟು ಮುಗಿಸುವಂಥದ್ದು. ಹಾಗಾಗಿ ಕೆಲವರು ನಿಮಗೆ ಒಂದು ಉಪಾಯ ಹೇಳಿಯಾರು, ಪ್ರವಾಸಿಗರಿಗೆಂದೇ ಸಂಜೆ ಒಂದು ಭಟ್ಟಿ ಹೊತ್ತಿಸಿ ಅಂತ. ದಯವಿಟ್ಟು ಬೇಡ. ನೋಡುವವರಿಗಾಗಿ ಹೊತ್ತಿಸಿದ ಒಲೆ ನಾಟಕದ ಒಲೆ. ಉಳಿದುಕೊಂಡವರಲ್ಲಿ ಮನಸ್ಸಿದ್ದವರನ್ನು ಮರುದಿನ ನಸುಕಿಗೆ ಕರೆದುಕೊಂಡು ಹೋಗಿ, ಇಬ್ಬರು ಮೂವರನ್ನು ಮಾತ್ರ, ಭಟ್ಟಿಯವರನ್ನು ಮೊದಲೇ ಕೇಳಿ, ಮೊಬೈಲು ಜೇಬಿನಲ್ಲಿ ಇಡಿಸಿ. ಬೆವರುತ್ತಿರುವ ಹೆಣ್ಣುಮಗಳ ಮುಖ ಯಾರದೋ ರೀಲಿನಲ್ಲಿ ಕಾಣಿಸಿಕೊಳ್ಳಬೇಕಾಗಿಲ್ಲ.

ಇನ್ನು ಸಂಜೆ. ನಮ್ಮ ಊರಿಗೆ ಈ ಸಂಜೆ ತಿಂಡಿಯ ಚಪಲ ಹೇಗೆ ಬಂತು ಎಂಬುದು ನಿಮ್ಮ ಕಥೆಯ ಒಳ್ಳೆಯ ಭಾಗ. ಕರ್ನಾಟಕದ ಮ್ಯಾಂಚೆಸ್ಟರ್ ಅನ್ನುತ್ತಿದ್ದರಲ್ಲ, ಹತ್ತಿ ಗಿರಣಿಗಳ ಕಾಲ ಅದು. ಗಿರಣಿ ಎಂದರೆ ಪಾಳಿ. ಪಾಳಿ ಬಿಟ್ಟಾಗ ನೂರಾರು ಜನ ಒಮ್ಮೆಗೇ ಗೇಟಿನಿಂದ ಹೊರಗೆ, ಎಲ್ಲರಿಗೂ ಹಸಿವು, ಕೈಯಲ್ಲಿ ಪುಡಿಕಾಸು. ಮನೆ ಊಟಕ್ಕೆ ಇನ್ನೂ ಹೊತ್ತಿದೆ. ಆ ಹಸಿವಿಗೆ ಅಗ್ಗದ ಉತ್ತರ ಮಂಡಕ್ಕಿ: ಒಂದು ಸೇರು ಅಕ್ಕಿ ಅರಳಿ ಒಂದು ಮೂಟೆಯಂತೆ ಕಾಣುತ್ತದೆ, ಹೊಟ್ಟೆ ತುಂಬಿದಂತೆ ಮಾಡುತ್ತದೆ. ಕಾರ್ಮಿಕ ನಾಯಕ ಪಂಪಾಪತಿಯವರನ್ನು ಕೆಂಬಾವುಟದ ಅಡಿಯಲ್ಲಿ ವಿಧಾನಸಭೆಗೆ ಕಳಿಸಿದ್ದು ಇದೇ ಜನ. ಇನ್ನೊಂದು ಕಡೆ ನಾಟಕ. ಚಿಂದೋಡಿ ಮನೆತನದ ಕೆ.ಬಿ.ಆರ್. ಡ್ರಾಮಾ ಕಂಪನಿ ಈ ಊರಿನದು, ಲೀಲಾ ಅವರು ಆ ಕಂಪನಿಯ ಮುಖ. ರಾತ್ರಿ ಆಟಕ್ಕೆ ಹಳ್ಳಿಗಳಿಂದ ಬಂಡಿ ಕಟ್ಟಿಕೊಂಡು ಬಂದವರು ಟಿಕೇಟಿಗೆ ಮೊದಲು ಏನಾದರೂ ತಿನ್ನಬೇಕಿತ್ತು. ಚೆನ್ನಮ್ಮ ಒಲೆ ಹೂಡಿದ ಜಾಗ ನಾಟಕದ ಥಿಯೇಟರ್ ಮುಂದೆ ಎಂಬುದು ಸುಮ್ಮನೆ ಆದದ್ದಲ್ಲ. ಗಿರಣಿಗಳು ಒಂದೊಂದಾಗಿ ಬಾಗಿಲು ಹಾಕಿದವು, ಟಾಕೀಸುಗಳು ಮುಚ್ಚಿದವು, ಸಂಜೆಯ ಹಸಿವು ಮಾತ್ರ ಉಳಿದುಕೊಂಡಿತು. ಬೀದಿ ತೋರಿಸುವಾಗ ಈ ಎರಡು ಗುಂಪಿನವರನ್ನೂ ನೆನೆಸಿಕೊಳ್ಳಿ.

ತಿನ್ನಿಸುವ ಕ್ರಮದ ಬಗ್ಗೆ ನನ್ನದು ಗಟ್ಟಿ ಅಭಿಪ್ರಾಯ. ದೋಸೆ ಕೊನೆಗೆ. ಬಹಳ ಜನ ಒಪ್ಪುವುದಿಲ್ಲ, ಖಾರ ತಿಂದ ನಾಲಿಗೆಗೆ ಬೆಣ್ಣೆಯ ರುಚಿ ಏನು ಗೊತ್ತಾಗುತ್ತದೆ ಅನ್ನುತ್ತಾರೆ. ಆದರೆ ಮೆಣಸಿನಕಾಯಿಯ ಖಾರ ನೀರಿನಲ್ಲಿ ಕರಗುವುದಿಲ್ಲ, ಜಿಡ್ಡಿನಲ್ಲಿ ಕರಗುತ್ತದೆ. ಮಂಡಕ್ಕಿ ಮೆಣಸಿನಕಾಯಿ ತಿಂದು ಕಣ್ಣಲ್ಲಿ ನೀರು ತಂದುಕೊಂಡ ಬೆಂಗಳೂರಿನವರಿಗೆ ನೀರಿನ ಬಾಟಲಿ ಕೊಟ್ಟರೆ ಪ್ರಯೋಜನವಿಲ್ಲ, ಬೆಣ್ಣೆ ದೋಸೆ ಕೊಟ್ಟರೆ ನಿಮಗೆ ಜೀವಮಾನ ಋಣಿಯಾಗುತ್ತಾರೆ. ಅಲ್ಲದೆ ದೋಸೆ ಮೊದಲು ತಿಂದವರು ಆಮೇಲೆ ಏನನ್ನೂ ಮುಟ್ಟುವುದಿಲ್ಲ, ಅಷ್ಟು ಬೆಣ್ಣೆ. ಇಬ್ಬರಿಗೆ ಒಂದು ಬೆಣ್ಣೆ, ಒಂದು ಖಾಲಿ, ಓಪನ್ ಕೇಳಿದವರಿಗೆ ಅದು. ಅಷ್ಟೇ ಸಾಕು.

ಮೊದಲು ಒಗ್ಗರಣೆ ಹಾಕಿದ ಖಾರಾ ಮಂಡಕ್ಕಿ. ಈರುಳ್ಳಿ, ಕೊತ್ತಂಬರಿ, ಮೇಲೆ ಉದುರಿಸಿದ ಹುರಿಗಡಲೆ ಹಿಟ್ಟು. ಆಮೇಲೆ ಎಲ್ಲರ ಕಣ್ಣ ಮುಂದೆ ಕಲಸಿಕೊಡುವ ನರ್ಗೀಸ್ ಮಂಡಕ್ಕಿ. ಜತೆಗೆ ಬಾಣಲೆಯಿಂದ ಆಗಷ್ಟೇ ಎತ್ತಿದ ಮೆಣಸಿನಕಾಯಿ. ಬಾಣಲೆ ಮುಂದೆ ನಿಂತು ಕಾಯಲಿ, ಮೊದಲೇ ಕರಿದಿಟ್ಟದ್ದನ್ನು ಕೊಡಿಸಬೇಡಿ. ಬಿಸಿ ಎಣ್ಣೆಯಿಂದ ಬಂದದ್ದು ಹೊಟ್ಟೆ ಕೆಡಿಸುವುದು ಕಡಿಮೆ. ಹೊರಊರಿನವರ ಹೊಟ್ಟೆ ಕೆಡುವುದು ಹೆಚ್ಚಾಗಿ ಹೆಚ್ಚಿಟ್ಟ ಈರುಳ್ಳಿಯಿಂದ, ಹೊತ್ತು ಮೀರಿದ ಚಟ್ನಿಯಿಂದ, ಕುಡಿಯುವ ನೀರಿನಿಂದ. ಇದನ್ನು ಗಾಡಿಯವರ ಎದುರು ಹೇಳಿ ಅವಮಾನ ಮಾಡಬೇಡಿ, ನೀವು ಮೊದಲೇ ನೋಡಿ ಆರಿಸಿಕೊಳ್ಳಿ. ಮತ್ತೆ ಪತ್ರಿಕೆಯ ಹಾಳೆ. ಮಸಿಯಲ್ಲಿ ವಿಷದ ಅಂಶ ಇರುತ್ತದೆ, ಅದರಲ್ಲಿ ತಿಂಡಿ ಕಟ್ಟಬೇಡಿ ಎಂದು ಕೇಂದ್ರದ ಆಹಾರ ಸುರಕ್ಷತಾ ಪ್ರಾಧಿಕಾರ 2016ರಲ್ಲೇ ಹೇಳಿದೆ. ನೀವೇ ಮುತ್ತುಗದ ಎಲೆಯದೋ ಅಡಿಕೆ ಹಾಳೆಯದೋ ತಟ್ಟೆ ಒಯ್ದು ಗಾಡಿಯಲ್ಲಿ ಕೊಟ್ಟುಬಿಡಿ. ಲೇಖನ ಬರೆಯುವವನಾಗಿ ನನಗೆ ಇದರಲ್ಲಿ ನಷ್ಟವಿದೆ, ನಮ್ಮ ಬರಹಗಳನ್ನು ಜನ ಕೊನೆಯ ಸಾಲಿನವರೆಗೂ ಓದುತ್ತಿದ್ದದ್ದು ಮೆಣಸಿನಕಾಯಿ ಮುಗಿದ ಮೇಲೇ.

ಗೋಬಿ ಮಂಚೂರಿ ಗಾಡಿಯನ್ನು ಬಿಡಲೋ ಸೇರಿಸಲೋ ಎಂಬ ಪ್ರಶ್ನೆ ಬಂದೇ ಬರುತ್ತದೆ. ಸೇರಿಸಿ ಎನ್ನುತ್ತೇನೆ. ಹೆಸರು ಚೀನಾದ್ದು, ಆದರೆ ಚೀನಾದವರಿಗೆ ಗೊತ್ತಿಲ್ಲದ ತಿಂಡಿ. ಕೋಲ್ಕತ್ತಾದಲ್ಲಿ ಹುಟ್ಟಿದ ಚೀನೀ ಮೂಲದ ಬಾಣಸಿಗ ನೆಲ್ಸನ್ ವಾಂಗ್ 1970ರ ದಶಕದಲ್ಲಿ ಮುಂಬೈಯಲ್ಲಿ ಕೋಳಿಯಿಂದ ಮಾಡಿದ್ದು ಹೂಕೋಸಿಗೆ ಇಳಿದು ನಮ್ಮ ಕ್ರಾಸಿನವರೆಗೂ ಬಂತು. ರೋಡಮಿನ್–ಬಿ ಎಂಬ ಬಣ್ಣ ಸಿಕ್ಕಿತೆಂದು 2024ರ ಮಾರ್ಚಿನಲ್ಲಿ ರಾಜ್ಯ ಸರ್ಕಾರ ಗೋಬಿಗೆ ಕೃತಕ ಬಣ್ಣ ಹಾಕುವುದನ್ನು ನಿಷೇಧಿಸಿತು. ಕೆಂಪಗಿಲ್ಲದ ಗೋಬಿ ಮಾಡುವ ಗಾಡಿ ಹುಡುಕಿ ಅಲ್ಲಿಗೆ ಒಯ್ಯಿರಿ.

ದುಡ್ಡಿನ ಮಾತಿಗೆ ಬರುತ್ತೇನೆ, ಸುತ್ತು ಉಳಿಯುವುದೂ ಕೆಡುವುದೂ ಇಲ್ಲೇ. ಹತ್ತು ಜನ ಒಮ್ಮೆಗೇ ಒಂದು ಗಾಡಿಯ ಮುಂದೆ ನಿಂತರೆ ವ್ಯಾಪಾರ ಆಗುತ್ತದೆ ಎಂದುಕೊಂಡಿದ್ದೀರಿ. ಲೆಕ್ಕ ಹಾಗಿಲ್ಲ. ನಿಮ್ಮವರು ಒಂದು ತಟ್ಟೆ ಮೂರು ಜನ ಹಂಚಿಕೊಳ್ಳುತ್ತಾರೆ, ಇಪ್ಪತ್ತು ಪ್ರಶ್ನೆ ಕೇಳುತ್ತಾರೆ, ಫೋಟೋಗೆ ಬಾಣಲೆ ಎತ್ತಿ ತೋರಿಸಿ ಅನ್ನುತ್ತಾರೆ. ಅಷ್ಟರಲ್ಲಿ ದಿನಾ ಬಂದು ನಾಲ್ಕು ಮೆಣಸಿನಕಾಯಿ ತಿಂದು ಮನೆಗೆ ಎಂಟು ಕಟ್ಟಿಸಿಕೊಂಡು ಹೋಗುವ ಗಿರಾಕಿ ‘ರಷ್ ಐತಿ ಬಿಡ್ರಿ’ ಎಂದು ಮುಂದಿನ ಗಾಡಿಗೆ ಹೋಗಿರುತ್ತಾನೆ. ನೀವು ವಾರಕ್ಕೊಮ್ಮೆ ಬರುವವರು, ಅವನು ವಾರಕ್ಕೆ ಆರು ದಿನ ಬರುವವನು. ಅವನನ್ನು ಓಡಿಸಿ ಗಾಡಿಯವರಿಗೆ ಏನು ಉಪಕಾರ ಮಾಡಿದಂತಾಯಿತು? ಆದ್ದರಿಂದ ಆರೇಳು ಜನರಿಗಿಂತ ಹೆಚ್ಚು ಬೇಡ, ರಷ್ ಹೊತ್ತಿಗೆ ಮೊದಲೇ ಹೋಗಿ, ತಿಂದದ್ದಕ್ಕಲ್ಲದೆ ಆ ಹೊತ್ತಿಗೂ ದುಡ್ಡು ಕೊಡಿ. ಗಾಡಿಯ ಅಕ್ಕ ನಿಮ್ಮ ಅತಿಥಿಗಳಿಗೆ ಹಿಟ್ಟು ಕಲಸುವ ಹದ ತೋರಿಸಿದರೆ ಅವಳು ಆಗ ಮೇಷ್ಟ್ರು, ಮೇಷ್ಟ್ರಿಗೆ ಸಲ್ಲುವುದು ಅವಳಿಗೂ ಸಲ್ಲಬೇಕು. ಹೋಟೆಲ್ಲಿನವರಿಂದ ಕಮಿಷನ್ ತೆಗೆದುಕೊಳ್ಳುವ ಪದ್ಧತಿ ಮಾತ್ರ ಶುರು ಮಾಡಬೇಡಿ. ಅದು ಬಂದ ದಿನ ನೀವು ಒಳ್ಳೆಯ ದೋಸೆಯ ಬಳಿಗೆ ಕರೆದೊಯ್ಯುವುದು ನಿಂತು, ಕಮಿಷನ್ ಕೊಡುವ ದೋಸೆಯ ಬಳಿಗೆ ಕರೆದೊಯ್ಯುವುದು ಶುರುವಾಗುತ್ತದೆ.

ಬೀದಿ ವ್ಯಾಪಾರಿಗಳ ಕಾಯ್ದೆ 2014ರಲ್ಲಿ ಬಂದಿದೆ. ಅದನ್ನು ಒಮ್ಮೆ ಓದಿಕೊಳ್ಳಿ. ಊರಿಗೊಂದು ಪಟ್ಟಣ ವ್ಯಾಪಾರ ಸಮಿತಿ ಇರಬೇಕು, ಅದರ ಸದಸ್ಯರಲ್ಲಿ ನೂರಕ್ಕೆ ನಲವತ್ತರಷ್ಟಾದರೂ ವ್ಯಾಪಾರಿಗಳೇ ಇರಬೇಕು, ಅವರಲ್ಲಿ ಮೂರನೇ ಒಂದು ಭಾಗ ಹೆಣ್ಣುಮಕ್ಕಳು. ಸಮೀಕ್ಷೆ ಮುಗಿದು ಪ್ರಮಾಣಪತ್ರ ಕೊಡುವವರೆಗೆ ಯಾರನ್ನೂ ಎಬ್ಬಿಸುವಂತಿಲ್ಲ. ಯಾಕೆ ಹೇಳುತ್ತಿದ್ದೇನೆಂದರೆ, ಪ್ರವಾಸಿಗರು ಬರತೊಡಗಿದರೆ ಬೀದಿ ‘ಚೆಂದ’ ಮಾಡುವ ಮಾತು ಹಿಂದೆಯೇ ಬರುತ್ತದೆ. ದಾವಣಗೆರೆ 2016ರ ಜನವರಿಯಲ್ಲಿ ಸ್ಮಾರ್ಟ್ ಸಿಟಿಯ ಮೊದಲ ಇಪ್ಪತ್ತು ಊರುಗಳ ಪಟ್ಟಿಗೆ ಸೇರಿದ ಊರು, ಚೆಂದ ಮಾಡುವ ಹುಮ್ಮಸ್ಸು ನಮ್ಮಲ್ಲಿ ಕಡಿಮೆ ಇಲ್ಲ. ಒಂದೇ ಬಣ್ಣದ ಗಾಡಿ, ಒಂದೇ ಅಳತೆಯ ಬೋರ್ಡು, ಊರಾಚೆ ಒಂದು ಫುಡ್ ಕೋರ್ಟು. ಪಾಳಿ ಬಿಟ್ಟವರ ದಾರಿಯಲ್ಲಿ ಹುಟ್ಟಿದ ಗಾಡಿಯನ್ನು ಯಾರೂ ನಡೆದು ಹೋಗದ ಕಡೆ ನಿಲ್ಲಿಸಿದರೆ ಅದು ತಿಂಗಳೊಪ್ಪತ್ತಿನಲ್ಲಿ ಮುಚ್ಚುತ್ತದೆ. ನಲ್ಲಿ ನೀರು, ದೀಪ, ಕಸದ ಬುಟ್ಟಿ, ಕೈ ತೊಳೆಯುವ ಜಾಗ, ಹೆಂಗಸರಿಗೆ ಶೌಚಾಲಯ, ಇಷ್ಟನ್ನು ಗಾಡಿ ಇರುವಲ್ಲೇ ಕೇಳಿ. ಪಾಲಿಕೆಯ ಮುಂದೆ ವ್ಯಾಪಾರಿಗಳು ಕೇಳಿದರೆ ಒಂದು ತೂಕ, ನಿಮ್ಮಂಥ ಓದಿದವರು ಜತೆಗೆ ನಿಂತರೆ ಇನ್ನೊಂದು ತೂಕ, ಇದು ಬೇಸರದ ಸಂಗತಿಯಾದರೂ ನಿಜ.

ಹಗಲು ಏನು ಮಾಡಿಸಬೇಕು ಎಂದು ಕೇಳಿದರೆ ಹರಿಹರ ಇದೆಯಲ್ಲ. ಹೊಯ್ಸಳ ಇಮ್ಮಡಿ ನರಸಿಂಹನ ದಂಡನಾಯಕ ಪೋಲಾಳ್ವ 1224ರಲ್ಲಿ ಕಟ್ಟಿಸಿದ ಹರಿಹರೇಶ್ವರ ದೇವಾಲಯ, ಒಂದೇ ಮೂರ್ತಿಯಲ್ಲಿ ಅರ್ಧ ಹರಿ, ಅರ್ಧ ಹರ, ಪಕ್ಕದಲ್ಲೇ ತುಂಗಭದ್ರೆ. ಹೊಯ್ಸಳ ಎಂದರೆ ಬೇಲೂರು, ಹಳೇಬೀಡು ಎಂದಷ್ಟೇ ತಿಳಿದವರಿಗೆ ಅದನ್ನು ತೋರಿಸಿ, ಹೊತ್ತು ಇಳಿಯುವಷ್ಟರಲ್ಲಿ ಇತ್ತ ಬಂದುಬಿಡಿ.

ಕಡೆಯದಾಗಿ ಒಂದು ಕೋರಿಕೆ. ಮೊದಲ ಕೆಲವು ಸುತ್ತುಗಳನ್ನು ಪರಊರಿನವರಿಗೆ ಮಾಡಬೇಡಿ. ನಮ್ಮವರಿಗೇ ಮಾಡಿ. ಎಂ.ಸಿ.ಸಿ. ಬಿ ಬ್ಲಾಕಿನಲ್ಲಿ, ವಿದ್ಯಾನಗರದಲ್ಲಿ ಹುಟ್ಟಿ ಬೆಳೆದು, ಮಂಡಕ್ಕಿ ಭಟ್ಟಿ ಯಾವ ದಿಕ್ಕಿಗಿದೆ ಎಂದು ಹೇಳಲಾರದ ಮಕ್ಕಳು ಎಷ್ಟೋ ಇದ್ದಾರೆ. 1965ರಿಂದ ನಡೆಯುತ್ತಿರುವ ಜೆ.ಜೆ.ಎಂ. ವೈದ್ಯಕೀಯ ಕಾಲೇಜಿಗೆ, ಬಾಪೂಜಿ ಇಂಜಿನಿಯರಿಂಗ್ ಕಾಲೇಜಿಗೆ ದೇಶದ ಎಲ್ಲೆಲ್ಲಿಂದಲೋ ಬಂದು ಹಾಸ್ಟೆಲ್ಲಿನಲ್ಲಿ ವರ್ಷಗಟ್ಟಲೆ ಇದ್ದು, ಬೆಣ್ಣೆ ದೋಸೆಯೊಂದನ್ನೇ ಊರೆಂದು ತಿಳಿದು ಹೋಗುವವರಿದ್ದಾರೆ. ಅವರಿಂದ ಕಡಿಮೆ ದುಡ್ಡು ತೆಗೆದುಕೊಳ್ಳಿ. ನೀವು ತಪ್ಪು ಹೇಳಿದರೆ ಊರವರು ಅಲ್ಲೇ ತಿದ್ದುತ್ತಾರೆ, ‘ಹಂಗಲ್ಲಪ್ಪ, ಆ ಅಂಗಡಿ ಈ ಕಡಿ ಇತ್ತು’ ಎಂದು ಜಗಳವಾಡುತ್ತಾರೆ, ಗಿರಣಿಯಲ್ಲಿ ದುಡಿದ ಯಾರದೋ ಅಜ್ಜ ನಿಮಗೆ ಗೊತ್ತಿಲ್ಲದ್ದನ್ನು ಸೇರಿಸುತ್ತಾರೆ. ಅದನ್ನೆಲ್ಲ ಬರೆದಿಟ್ಟುಕೊಳ್ಳಿ. ಹೆಸರು ನೋಂದಾಯಿಸುವ ದಿನ ತಿಳಿಸಿ, ನಮ್ಮ ಮನೆಯಿಂದ ಮೂವರು ಬರುತ್ತೇವೆ, ಒಬ್ಬರಿಗೆ ಖಾರ ಆಗುವುದಿಲ್ಲ.

ಇತಿ ನಿಮ್ಮ,
ವಿನೋಬನಗರದ ಒಬ್ಬ ಹಿರಿಯ